ಹತ್ತು ಕಟ್ಟುವವಳ ಪರವಾಗಿ

ನಮ್ಮ ಗಾದೆಗಳಲ್ಲಿ ನನಗೆ ಸಿಟ್ಟು ತರಿಸುವುದು ಒಂದಿದೆ: ಹತ್ತು ಕಟ್ಟುವಲ್ಲಿ ಒಂದು ಮುತ್ತು ಕಟ್ಟು. ಗಾದೆಯದೇನೂ ತಪ್ಪಿಲ್ಲ. ಅದನ್ನು ಯಾರಿಗೆ, ಯಾವಾಗ ಹೇಳುತ್ತಾರೆ ಎಂಬುದರ ಮೇಲೆ ನನ್ನ ಸಿಟ್ಟು. ಗಂಡುಮಗ ಕ್ರಿಕೆಟ್ಟೂ ಆಡಿ ಕಂಪ್ಯೂಟರೂ ಕಲಿತರೆ ಅವನು ಜಾಣ, ಚುರುಕು. ಹೆಣ್ಣುಮಗಳು ಹಾಡೂ ಹೇಳಿ ಚಿತ್ರವನ್ನೂ ಬರೆದರೆ ಮಾತ್ರ ಮನೆಯ ಹಿರಿಯರ ಬಾಯಿಂದ ಈ ಮುತ್ತು ಉದುರುತ್ತದೆ. ಹಾನಗಲ್ಲಿನ ಸುತ್ತಮುತ್ತಲ ಹೈಸ್ಕೂಲುಗಳಲ್ಲಿ ಮೂವತ್ತು ವರ್ಷದ ಹತ್ತಿರ ಕನ್ನಡ ಕಲಿಸಿದವಳು ನಾನು. ಈ ಗಾದೆಗೆ ಬಲಿಯಾದ ಹುಡುಗಿಯರ ಹೆಸರು ಬರೆಯಲು ಕುಳಿತರೆ ಒಂದು ಹಾಜರಿ ಪುಸ್ತಕ ಸಾಲದು.

ಒಬ್ಬಳ ವಿಷಯ ಹೇಳುತ್ತೇನೆ. ಒಂಬತ್ತನೆಯ ತರಗತಿಯ ಹುಡುಗಿ. ಸಂಗೀತದ ಜೂನಿಯರ್ ಪರೀಕ್ಷೆ ಪಾಸಾಗಿತ್ತು. ಡ್ರಾಯಿಂಗಿನ ಲೋವರ್ ಗ್ರೇಡ್ ಪರೀಕ್ಷೆಗೆ ಕೂಡಬೇಕೆಂದು ಆಸೆಪಟ್ಟಿದ್ದಳು. ಅವಳ ತಾಯಿ ನನ್ನ ಹತ್ತಿರ ಬಂದು, “ಅಕ್ಕೋರ, ಹಾಡ ಒಂದ ಇರ್ಲಿ ಬಿಡ್ರಿ. ಕನ್ಯಾ ನೋಡಾಕ ಬಂದವ್ರು ಒಂದ ಹಾಡ ಹೇಳವ್ವಾ ಅಂತಾರ. ಒಂದ ಚಿತ್ರಾ ಬರಿಯವ್ವಾ ಅಂತ ಯಾರ ಕೇಳ್ತಾರ್ರಿ?” ಎಂದರು. ಆ ತಾಯಿಯನ್ನು ನಾನು ಬೈಯಲಿಲ್ಲ. ಪೇಟೆಯ ಧಾರಣೆ ಗೊತ್ತಿದ್ದ ಹೆಂಗಸು ಅವರು. ಹಾಡಿಗೆ ಲಗ್ನದ ಪೇಟೆಯಲ್ಲಿ ಒಂದಿಷ್ಟು ಬೆಲೆ ಇದೆ. ಚಿತ್ರಕ್ಕೆ ಅದೂ ಇಲ್ಲ. ಎಸ್ಸೆಸ್ಸೆಲ್ಸಿಯ 625 ಅಂಕಗಳಲ್ಲಿ ಚಿತ್ರಕ್ಕೆ ಒಂದು ಅಂಕವೂ ಇಲ್ಲ. ಹುಡುಗಿ ಬಣ್ಣದ ಡಬ್ಬಿಯನ್ನು ತಮ್ಮನಿಗೆ ಕೊಟ್ಟಳು. ಮದುವೆಯಾಯಿತು. ಹಾಡೂ ನಿಂತಿತು. ಮುತ್ತನ್ನೂ ಕಟ್ಟಲಿಲ್ಲ, ಹತ್ತನ್ನೂ ಕಟ್ಟಲಿಲ್ಲ.

ಎರಡು ಕಲೆಗೆ ಕೈ ಹಾಕಿದವನಿಗೆ ಒಂದೂ ದಕ್ಕುವುದಿಲ್ಲ ಎನ್ನುವವರನ್ನು ನಾನು ದೂರ ಕರೆದೊಯ್ಯುವುದಿಲ್ಲ. ಶಿಗ್ಗಾವಿ ದಾಟಿ ಹುಬ್ಬಳ್ಳಿ ಕಡೆ ಹೋಗುವ ಹೆದ್ದಾರಿಯಲ್ಲಿ ಗೊಟಗೋಡಿಯ ಹತ್ತಿರ ಬಸ್ಸು ಇಳಿಯಿರಿ. ಅಲ್ಲಿ ಉತ್ಸವ್ ರಾಕ್ ಗಾರ್ಡನ್ ಇದೆ. ಅದನ್ನು ಕಟ್ಟಿದ ಟಿ.ಬಿ. ಸೊಲಬಕ್ಕನವರ ಅವರು ಚಿತ್ರ ಬರೆಯುವವರು, ಶಿಲ್ಪ ಮಾಡುವವರು, ಜೊತೆಗೆ ದೊಡ್ಡಾಟದವರು. ದೊಡ್ಡಾಟವೆಂದರೆ ಹಾಡು, ಕುಣಿತ, ಮಾತು ಮೂರೂ ಸೇರಿದ ನಮ್ಮ ಸೀಮೆಯ ಆಟ. ಒಂದು ಕೈಯಲ್ಲಿ ಸಿಮೆಂಟು, ಇನ್ನೊಂದು ಕೈಯಲ್ಲಿ ತಾಳ. ಕರ್ನಾಟಕ ಬಯಲಾಟ ಅಕಾಡೆಮಿಯ ಅಧ್ಯಕ್ಷರೂ ಆಗಿದ್ದ ಅವರು 2020ರಲ್ಲಿ ತೀರಿಕೊಂಡರು. ಒಂದನ್ನೇ ಕಟ್ಟು ಎಂದು ಅವರಿಗೆ ಯಾರಾದರೂ ಹೇಳಿ, ಅವರು ಕೇಳಿದ್ದರೆ ನಮಗೆ ಆಟವೋ ತೋಟವೋ ಯಾವುದಾದರೂ ಒಂದು ತಪ್ಪುತ್ತಿತ್ತು.

ಹಾನಗಲ್ಲ ತಾಲ್ಲೂಕನ್ನೇ ನೋಡಿ. ಇಲ್ಲಿಯ ಕಾಡಶೆಟ್ಟಿಹಳ್ಳಿಯಲ್ಲಿ 1892ರಲ್ಲಿ ಹುಟ್ಟಿದ ಪಂಚಾಕ್ಷರಿ ಗವಾಯಿಗಳನ್ನು ಹಾನಗಲ್ಲ ಕುಮಾರಸ್ವಾಮಿಗಳು ಸಂಗೀತಕ್ಕೆ ಹಚ್ಚಿದರು. ಅವರ ಶಿಷ್ಯ, ಇದೇ ತಾಲ್ಲೂಕಿನಲ್ಲಿ 1914ರಲ್ಲಿ ಹುಟ್ಟಿದ ಪುಟ್ಟರಾಜ ಗವಾಯಿಗಳು ಹಾಡಿದರು, ಹಲವು ವಾದ್ಯ ನುಡಿಸಿದರು, ಮೂರು ಭಾಷೆಗಳಲ್ಲಿ ಬರೆದರು, ನಾಟಕ ಕಂಪನಿ ನಡೆಸಿದರು, ಗದುಗಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಕಣ್ಣಿಲ್ಲದ ಮಕ್ಕಳಿಗೆ ಅನ್ನ, ವಿದ್ಯೆ ಎರಡನ್ನೂ ಕೊಟ್ಟರು. ತಮಗೇ ಕಣ್ಣಿರಲಿಲ್ಲ. 2010ರಲ್ಲಿ ಅವರು ಹೋದಾಗ, ಹತ್ತು ಕಟ್ಟಿದರೆಂದು ಯಾರೂ ದೂರಲಿಲ್ಲ.

ದಕ್ಷಿಣದ ಉದಾಹರಣೆ ಬೇಕೆ? ಮೈಸೂರಿನ ಕೆ. ವೆಂಕಟಪ್ಪನವರು ಕಲಕತ್ತೆಯಲ್ಲಿ ಅವನೀಂದ್ರನಾಥ ಠಾಕೂರರ ಬಳಿ ಚಿತ್ರ ಕಲಿತರು, ವೀಣೆ ಶೇಷಣ್ಣನವರ ಬಳಿ ವೀಣೆ ಕಲಿತರು. ಅವರ ಚಿತ್ರಗಳಿಗಾಗಿ ಬೆಂಗಳೂರಿನ ಕಸ್ತೂರ್ಬಾ ರಸ್ತೆಯಲ್ಲಿ ಅವರ ಹೆಸರಿನದೇ ಒಂದು ಚಿತ್ರಶಾಲೆ ಎದ್ದು ನಿಂತಿತು. ಆ ಚಿತ್ರಶಾಲೆಯನ್ನು ಖಾಸಗಿ ಪ್ರತಿಷ್ಠಾನವೊಂದರ ಕೈಗೆ ಕೊಡುವ ಮಾತು ಬಂದಾಗ, 2016ರಲ್ಲಿ, ಕಲಾವಿದರೆಲ್ಲ ಸೇರಿ ಅದು ಎಲ್ಲರಿಗೂ ಸೇರಿದ್ದು ಎಂದು ಹೋರಾಡಿದರು. ನಾಲ್ಕು ಗೋಡೆಗಾಗಿ ಅಷ್ಟು ಜಗಳವೇ ಎಂದು ನಮ್ಮ ಸ್ಟಾಫ್ ರೂಮಿನಲ್ಲಿ ಒಬ್ಬರು ನಕ್ಕರು. ನನಗೆ ನಗು ಬರಲಿಲ್ಲ. ಗೋಡೆ ಇದ್ದವರು ಜಗಳವಾಡಿಯಾದರೂ ಉಳಿಸಿಕೊಳ್ಳಬಹುದು. ಗೋಡೆಯೇ ಇಲ್ಲದವರು ಯಾರ ಜೊತೆ ಜಗಳವಾಡಬೇಕು?

ಈಗ ನಾನು ಹೆಸರಿಸಿದವರನ್ನೆಲ್ಲ ಇನ್ನೊಮ್ಮೆ ನೋಡಿ. ಎಲ್ಲರೂ ಗಂಡಸರು. ಅವರ ಹಿರಿಮೆಯನ್ನು ನಾನು ಒಂದು ಗುಂಜಿಯಷ್ಟೂ ಕಡಿಮೆ ಮಾಡುತ್ತಿಲ್ಲ. ಆದರೆ ಎರಡು ಕಲೆಯನ್ನು ಒಟ್ಟಿಗೆ ನಡೆಸುವುದು ನಮ್ಮ ಸೀಮೆಯಲ್ಲಿ ಯಾವಾಗಲೂ ಹೆಂಗಸರ ಕೆಲಸವಾಗಿತ್ತು ಎಂಬುದನ್ನು ಯಾರೂ ಹೇಳುವುದಿಲ್ಲವಲ್ಲ! ಬೆಳಗಿನ ಜಾವ ಬೀಸುವ ಕಲ್ಲಿನ ಮುಂದೆ ಕುಳಿತು ಹಾಡಿದವಳೇ ಹೊತ್ತು ಮೂಡುವ ಮೊದಲು ಅಂಗಳ ಸಾರಿಸಿ ರಂಗೋಲಿ ಹಾಕಿದಳು. ಮದುವೆಯಲ್ಲಿ ಸೋಬಾನೆ ಹೇಳಿದವಳೇ ಹಳೆಯ ಸೀರೆಗಳ ಬಣ್ಣಕ್ಕೆ ಬಣ್ಣ ಹೊಂದಿಸಿ ಕೌದಿ ಹೊಲಿದಳು. ಆಷಾಢದ ಮಂಗಳವಾರ ಹುಡುಗಿಯರು ಮಣ್ಣು ತಂದು ಗುಳ್ಳವ್ವನನ್ನು ಮಾಡಿ, ಗುಲಗಂಜಿ ಹಚ್ಚಿ, ಸುತ್ತ ಕುಳಿತು ಹಾಡುತ್ತಾರೆ. ಅದು ಶಿಲ್ಪವಲ್ಲವೆ? ಸಂಗೀತವಲ್ಲವೆ? ಗಂಡಸು ಮಾಡಿದರೆ ಕಲೆ, ಹೆಂಗಸು ಮಾಡಿದರೆ ಮನೆಗೆಲಸ. ಈ ಲೆಕ್ಕವನ್ನು ಬರೆದವರು ಯಾರು?

ರಾಕ್ ಗಾರ್ಡನ್ನಿಗೆ ಮಕ್ಕಳನ್ನು ಕರೆದುಕೊಂಡು ಹೋದಾಗ ಹಳ್ಳಿಯ ಹೆಂಗಸರ ಪ್ರತಿಮೆಗಳ ಮುಂದೆ ನಿಂತು ನೋಡಿದ್ದೇನೆ. ಎಷ್ಟು ಜೀವಂತವಾಗಿವೆ ಎಂದರೆ ನಮ್ಮ ಹುಡುಗಿಯರು, “ಇವ್ರು ನಮ್ಮ ಆಯಿ ಇದ್ಧಂಗ ಅದಾರ್ರಿ” ಎಂದು ಕೂಗಿದರು. ನಾವು ಟಿಕೆಟ್ಟು ಕೊಟ್ಟು ಆ ಆಯಿಯನ್ನು ನೋಡಿ ಮೆಚ್ಚುತ್ತೇವೆ. ಮನೆಯಲ್ಲಿ ಇನ್ನೂ ಉಸಿರಾಡುತ್ತಿರುವ ಆಯಿಗೆ, ನಿನಗೆ ಬರುವ ಹಾಡು ಎಷ್ಟು, ಒಂದನ್ನು ಹೇಳು ಎಂದು ಕೇಳುವವರಿಲ್ಲ. ಸೊಲಬಕ್ಕನವರ ಅವರು ಆ ಬದುಕನ್ನು ಕಂಡು ನಿಲ್ಲಿಸಿದರು, ಅದು ಅವರ ದೊಡ್ಡತನ. ಕಾಣದೆ ಹೋದವರು ನಾವು.

ಇದಕ್ಕೆ ಒಂದು ಬಲವಾದ ಎದುರು ಮಾತಿದೆ. ಒಂದನ್ನೇ ಹಿಡಿದು ಸಾಧಿಸಿದ ಗಂಗೂಬಾಯಿ ಹಾನಗಲ್ ಅವರನ್ನು ನೋಡಿ ಎನ್ನುತ್ತಾರೆ. ನಮ್ಮ ಊರಿನ ಹೆಸರನ್ನು ಲೋಕಕ್ಕೆಲ್ಲ ಒಯ್ದ ಮಹಾತಾಯಿ ಆಕೆ. ಆಕೆಯ ಹೆಸರಿನ ಸಂಗೀತ ವಿಶ್ವವಿದ್ಯಾಲಯ ಮೈಸೂರಿನಲ್ಲಿದೆ. ಸಾಧನೆಗೆ ಏಕಾಗ್ರತೆ ಬೇಕು, ಒಪ್ಪಿದೆ. ಆದರೆ ಆ ಮುತ್ತಿನ ಬೆಲೆ ಕೊಟ್ಟವರು ಯಾರು? ಆಕೆಯ ತಾಯಿ ಅಂಬಾಬಾಯಿ ಕರ್ನಾಟಕ ಸಂಗೀತದ ಒಳ್ಳೆಯ ಗಾಯಕಿ. ಮಗಳ ಹಿಂದೂಸ್ತಾನಿ ಗಾಯನಕ್ಕೆ ತಮ್ಮ ಧಾಟಿ ತಾಗಬಾರದೆಂದು ತಾವೇ ಹಾಡುವುದನ್ನು ನಿಲ್ಲಿಸಿದರು. ಒಬ್ಬಳ ಮುತ್ತು ಕಟ್ಟಲು ಇನ್ನೊಬ್ಬಳು ತನ್ನ ಸರವನ್ನೇ ಬಿಚ್ಚಿಟ್ಟಳು. ಆ ತ್ಯಾಗಕ್ಕೆ ಕೈ ಮುಗಿಯುತ್ತೇನೆ. ಆದರೆ ಪ್ರತಿ ಮನೆಯಲ್ಲೂ ಒಬ್ಬ ಅಂಬಾಬಾಯಿ ಸುಮ್ಮನಾಗಬೇಕು ಎಂಬುದು ನಿಯಮವಾದರೆ ಅದಕ್ಕೆ ಕೈ ಮುಗಿಯಲಾರೆ. ಒಂದನ್ನೇ ಆರಿಸಿಕೊಳ್ಳುವುದು ಬೇರೆ. ಒಂದನ್ನು ಕಸಿದುಕೊಂಡು ಇದನ್ನೇ ನೀನು ಆರಿಸಿಕೊಂಡೆ ಎನ್ನುವುದು ಬೇರೆ.

ಇನ್ನು ಜಾಗದ ಮಾತು. ಹಾಡುವವನು ಚಿತ್ರಶಾಲೆಯನ್ನೂ ನಡೆಸಿದರೆ ಅವನು ತನ್ನ ಕಲೆಯ ಜೊತೆಗೆ ಬೇರೆಯವರ ಕಲೆಗೂ ಜಾಗ ಮಾಡಿಕೊಟ್ಟಂತಾಯಿತು. ತನ್ನ ಹಾಡಿಗೆ ಚಪ್ಪಾಳೆ ಬೇಡುವುದು ಸುಲಭ. ಬೇರೆಯವರ ಚಿತ್ರಕ್ಕೆ ಮೊಳೆ ಹೊಡೆದು, ಧೂಳು ಒರೆಸಿ, ಬಾಗಿಲು ತೆರೆದು ಕೂಡುವುದು ಕಷ್ಟ. ಹಾನಗಲ್ಲ, ಶಿಗ್ಗಾವಿ, ಸವಣೂರು, ಹಿರೇಕೆರೂರು ನಾಲ್ಕೂ ಊರುಗಳಲ್ಲಿ ನಾನು ಕೆಲಸಕ್ಕೋ ಲಗ್ನಕ್ಕೋ ತಿರುಗಾಡಿದವಳು. ಕಲ್ಯಾಣ ಮಂಟಪಗಳನ್ನು ಕಂಡಿದ್ದೇನೆ, ಬ್ಯಾಂಕುಗಳನ್ನು ಕಂಡಿದ್ದೇನೆ. ಒಬ್ಬ ಹೆಣ್ಣುಮಗಳು ತಾನು ಬರೆದ ಚಿತ್ರವನ್ನು ಒಂದು ವಾರ ತೂಗುಹಾಕಲೆಂದೇ ಇಟ್ಟ ಗೋಡೆ ನನ್ನ ಕಣ್ಣಿಗೆ ಬಿದ್ದಿಲ್ಲ. ಆದರೆ ಇದು ಕಲೆ ಇಲ್ಲದ ಸೀಮೆಯೆ? ಹಾನಗಲ್ಲಿನ ತಾರಕೇಶ್ವರ ಗುಡಿಯಲ್ಲಿ ತಲೆಯೆತ್ತಿ ಒಳಮಾಳಿಗೆಯ ಕಲ್ಲಿನ ಕಮಲವನ್ನು ನೋಡಿ. ಶಿಗ್ಗಾವಿಯ ಬಾಡ ಕನಕದಾಸರ ಊರು, ಶಿಶುನಾಳ ಶರೀಫರ ಊರು. ಸವಣೂರು ವಿ.ಕೃ. ಗೋಕಾಕರು ಹುಟ್ಟಿದ ಊರು. ಹಿರೇಕೆರೂರಿನ ಕಡೆಯವರಿಗೆ ಸರ್ವಜ್ಞ ಮನೆಯ ಮನುಷ್ಯ. ಇಂಥ ನೆಲದಲ್ಲಿ ಕಲೆಗೆ ಬರ ಬಂದಿಲ್ಲ, ಗೋಡೆಗೆ ಬರ ಬಂದಿದೆ.

ಸರಕಾರ ಕಟ್ಟಿಕೊಡಲಿ ಎಂದು ಅರ್ಜಿ ಬರೆಯೋಣ, ಬೇಡ ಎನ್ನುವುದಿಲ್ಲ. ಚಿತ್ರಕಲೆ, ಸಂಗೀತದ ಶಿಕ್ಷಕರು ಪ್ರತಿ ಶಾಲೆಗೂ ಬೇಕು ಎಂದು ಪಾಲಕರ ಸಭೆಯಲ್ಲಿ ಎದ್ದು ನಿಂತು ಕೇಳೋಣ. ಪರೀಕ್ಷೆ ಹತ್ತಿರ ಬಂತೆಂದು ಆ ಪೀರಿಯಡ್ಡನ್ನು ಗಣಿತಕ್ಕೆ ಕೊಟ್ಟುಬಿಡುವ ನಮ್ಮ ಶಾಲೆಗಳ ರೂಢಿಯನ್ನೂ ಪ್ರಶ್ನಿಸೋಣ. ಆದರೆ ಅರ್ಜಿಗೆ ಉತ್ತರ ಬರುವತನಕ ಕಾಯಬೇಕಾಗಿಲ್ಲ. ಆಷಾಢದಲ್ಲಿ ಲಗ್ನವಿಲ್ಲ, ಕಲ್ಯಾಣ ಮಂಟಪಗಳು ಬೀಗ ಹಾಕಿಕೊಂಡು ಕೂತಿರುತ್ತವೆ. ನಿಮ್ಮ ಊರಿನ ಮಹಿಳಾ ಮಂಡಲದ ನಾಲ್ವರು ಹೋಗಿ ಮಾಲೀಕರನ್ನು ಒಂದು ವಾರಕ್ಕೆ ಕೇಳಿ. ಕೌದಿಗಳನ್ನು ಹಾಸಬೇಡಿ, ತೂಗುಹಾಕಿ. ಕಸೂತಿ ಸೀರೆಗಳನ್ನು ಟ್ರಂಕಿನಿಂದ ತೆಗೆಯಿರಿ. ಹುಡುಗಿಯರ ಚಿತ್ರಗಳ ಕೆಳಗೆ ಅವರವರ ಹೆಸರನ್ನು ದಪ್ಪಗೆ ಬರೆಯಿರಿ. ಇಂಥವರ ಮಗಳು, ಇಂಥವರ ಸೊಸೆ ಎಂದು ಬರೆಯಬೇಡಿ. ಮಂಗಳವಾರ ಗುಳ್ಳವ್ವನನ್ನು ನಡುವೆ ಕೂಡಿಸಿ ಹಾಡಿ. ಚಿತ್ರ ಬರೆದವಳೇ ಹಾಡಲಿ, ಹಾಡಿದವಳೇ ಬಾಗಿಲಲ್ಲಿ ಕುಳಿತು ಬಂದವರಿಗೆ ವಿವರಿಸಲಿ.

ಆಗ ಯಾರಾದರೂ ಬಂದು, “ಹತ್ತು ಕಟ್ಟೂದಕ್ಕಿಂತ ಒಂದ ಮುತ್ತ ಕಟ್ರೆವ್ವಾ” ಎಂದರೆ, ಮುತ್ತು ಯಾವುದು ಎಂದು ಆರಿಸುವವರು ನಾವು ಎಂದು ಹೇಳಿ ಅವರನ್ನು ಒಳಗೆ ಕರೆಯಿರಿ. ಮೊದಲು ಎಲ್ಲವನ್ನೂ ನೋಡಲಿ.