ಮಾತು ತಡವಾದರೆ ತುಳುವಿನ ತಪ್ಪೇ?

ನಮ್ಮ ಅಪಾರ್ಟ್‌ಮೆಂಟಿನ ಕೆಳಗಿನ ಮನೆಯ ಹುಡುಗನಿಗೆ ಎರಡೂಕಾಲು ವರ್ಷ. ಅಮ್ಮ ಉಡುಪಿಯವರು, ಮಗನೊಂದಿಗೆ ತುಳು. ಅಪ್ಪ ಧಾರವಾಡದವರು, ಕನ್ನಡ. ಹಗಲು ನೋಡಿಕೊಳ್ಳುವಾಕೆಯದು ತಮಿಳು, ಮೊಬೈಲಿನದು ಇಂಗ್ಲಿಷ್ ರೈಮ್ಸು. ಹುಡುಗನ ಬಾಯಲ್ಲಿ ಮಾತ್ರ ಹತ್ತಿಪ್ಪತ್ತು ಪದ. ಮಕ್ಕಳ ಡಾಕ್ಟರು, "ಇಷ್ಟೊಂದು ಭಾಷೆ ಯಾಕಮ್ಮ? ಒಂದೇ ಇಟ್ಟುಕೊಳ್ಳಿ. ಹೇಗೂ ಸ್ಕೂಲಿಗೆ ಬೇಕಲ್ಲ, ಇಂಗ್ಲಿಷೇ ಮಾತಾಡಿ" ಎಂದರಂತೆ. ಧಾರವಾಡದಿಂದ ಬಂದ ಅಜ್ಜಿಯ ತೀರ್ಪೇ ಬೇರೆ: "ಹೆದರಬ್ಯಾಡವ್ವಾ, ಎರಡೆರಡು ಭಾಷಾ ಕೇಳೂ ಕೂಸು ತಡಾನ ಮಾತಾಡ್ತದ. ನಿನ್ನ ಗಂಡನೂ ಮೂರು ವರ್ಷಕ್ಕ ಬಾಯಿ ಬಿಟ್ಟಾಂವ." ಜತೆಗೆ, ತೇಯ್ದು ನಾಲಿಗೆಗೆ ಹಚ್ಚಲು ಒಂದು ತುಂಡು ಬಜೆಯನ್ನೂ ತಂದಿದ್ದರು.

ಒಬ್ಬರು ಅವಸರದವರು, ಇನ್ನೊಬ್ಬರು ನಿಧಾನದವರು. ಆದರೆ ಇಬ್ಬರ ನಂಬಿಕೆಯೂ ಒಂದೇ: ಎರಡು ಭಾಷೆ ಕಿವಿಗೆ ಬಿದ್ದರೆ ಮಾತು ತಡವಾಗುತ್ತದೆ. ಡಾಕ್ಟರಿಗೆ ಅದು ರೋಗದ ಕಾರಣ, ಅಜ್ಜಿಗೆ ಸಮಾಧಾನದ ಕಾರಣ.

ಡಾಕ್ಟರ ಮಾತನ್ನು ಇಂಗ್ಲಿಷ್ ವ್ಯಾಮೋಹವೆಂದು ತಳ್ಳಿಹಾಕುವುದು ಸುಲಭ, ನ್ಯಾಯವಲ್ಲ. ಮಗು ಎಚ್ಚರವಿರುವ ಹೊತ್ತು ಇಷ್ಟೇ. ಅದನ್ನು ಮೂರು ಭಾಷೆಗೆ ಹಂಚಿದರೆ ಒಂದೊಂದರ ಪಾಲು ಕಡಿಮೆಯಾಗುತ್ತದೆ. ಎರಡು ಭಾಷೆಯ ಮಕ್ಕಳಿಗೆ ಒಂದೊಂದೇ ಭಾಷೆಯಲ್ಲಿ ತೂಗಿದಾಗ ಪದಗಳು ಕೊಂಚ ಕಡಿಮೆ ಇರುವುದು ನಿಜ, ಕೇಳಿದಷ್ಟೇ ಕಲಿಯುವುದು ತಾನೆ. ಇನ್ನೊಂದು ತೊಡಕು ನಾವಿರುವ ಬೆಂಗಳೂರಿನದೇ. ಸ್ಪೀಚ್ ಥೆರಪಿಸ್ಟ್ ಸಿಕ್ಕರೂ ಅವರಿಗೆ ತುಳುವೋ ಕೊಂಕಣಿಯೋ ಬರಬೇಕಲ್ಲ. ವಾರಕ್ಕೆರಡು ತಾಸಿನ ಥೆರಪಿ ಇಂಗ್ಲಿಷಿನಲ್ಲಿ ನಡೆದು, ಮನೆಯಲ್ಲಿ ಬೇರೆ ಮಾತು ನಡೆದರೆ, ಕಲಿತದ್ದನ್ನು ಮನೆಯಲ್ಲಿ ಮತ್ತೆ ಮತ್ತೆ ಆಡಿಸುವುದು ಕಷ್ಟ.

ಆದರೂ ಈ ಸಲಹೆಯ ಬೇರು ಹಳೆಯದು, ಟೊಳ್ಳೂ ಹೌದು. 1923ರಲ್ಲಿ ಸೇರ್ ಎಂಬಾತ ವೇಲ್ಸ್‌ನ ಹಳ್ಳಿಗಳ ದ್ವಿಭಾಷಿ ಮಕ್ಕಳು ಬುದ್ಧಿಮಾಪನದಲ್ಲಿ ಹಿಂದೆ ಬಿದ್ದರೆಂದು ಬರೆದ. ಎರಡು ಭಾಷೆ ಮಕ್ಕಳನ್ನು ಗೊಂದಲಕ್ಕೆ ಕೆಡವುತ್ತದೆ ಎಂಬ ಮಾತಿಗೆ ಇಂಥ ಅಧ್ಯಯನಗಳೇ ಆಸರೆಯಾದವು. 1962ರಲ್ಲಿ ಮಾಂಟ್ರಿಯಲ್‌ನಲ್ಲಿ ಪೀಲ್ ಮತ್ತು ಲ್ಯಾಂಬರ್ಟ್ ಎಂಬ ಸಂಶೋಧಕರು ಮನೆಯ ಸ್ಥಿತಿಗತಿ ಸರಿಸಮವಿರುವ ಮಕ್ಕಳನ್ನು ಹೋಲಿಸಿದಾಗ ಫಲಿತಾಂಶ ತಿರುಗಿತು, ದ್ವಿಭಾಷಿಗಳೇ ಮುಂದಿದ್ದರು. ಡೌನ್ ಸಿಂಡ್ರೋಮ್, ಆಟಿಸಂ ಇರುವ ಮಕ್ಕಳಲ್ಲೂ ಎರಡನೆಯ ಭಾಷೆಯಿಂದ ಹೆಚ್ಚಿನ ಹಾನಿ ಕಂಡಿಲ್ಲ. ನನಗೆ ಚುಚ್ಚುವುದು ಇನ್ನೊಂದು. "ಒಂದೇ ಭಾಷೆ" ಎಂದಾಗ ಉಳಿಯುವುದು ಯಾವಾಗಲೂ ಇಂಗ್ಲಿಷೇ. ಮಗುವಿಗೆ ಬೇಕಾದದ್ದು ತಾಯಿ ಮುದ್ದಿಸುವಾಗ, ಗದರುವಾಗ, ಕತೆ ಹೇಳುವಾಗ ತಾನಾಗಿ ಉಕ್ಕುವ ಮಾತು. ಆ ತಾಯಿಯನ್ನು ಆಫೀಸಿನ ಇಂಗ್ಲಿಷಿಗೆ ಕಟ್ಟಿಹಾಕಿದರೆ ಅವಳ ಬಾಯಲ್ಲಿ ಉಳಿಯುವುದು "ಕಮ್, ಸಿಟ್, ಈಟ್".

ಇನ್ನು ಅಜ್ಜಿ. ಅವರ ಮಾತಿನಲ್ಲೂ ಹುರುಳಿದೆ. ಎರಡು ವರ್ಷಕ್ಕೆ ಐವತ್ತು ಪದವೂ ಇಲ್ಲದ ಮಕ್ಕಳಲ್ಲಿ, ಬೇರೆ ತೊಂದರೆ ಇಲ್ಲದಿದ್ದರೆ, ಅರ್ಧಕ್ಕಿಂತ ಹೆಚ್ಚಿನವರು ತಾವಾಗಿಯೇ ಉಳಿದವರ ಸಮಕ್ಕೆ ಬರುತ್ತಾರೆ. ಗಂಡುಮಕ್ಕಳು ತುಸು ನಿಧಾನ ಎನ್ನುವುದೂ ಸುಳ್ಳಲ್ಲ. ಲೆಕ್ಕ ಹಾಕುವುದರಲ್ಲೇ ನಾವು ಎಡವುವುದೂ ಉಂಟು. ಅಪ್ಪ ಎಣಿಸುವುದು ಹಾಲು, ಬೆಕ್ಕು. ಮಗು ಅಮ್ಮನ ಹತ್ತಿರ ಹೇಳುವ ಪೇರ್, ಪುಚ್ಚೆ ಅಪ್ಪನ ಪಟ್ಟಿಗೆ ಬರುವುದೇ ಇಲ್ಲ. ಎಲ್ಲ ಭಾಷೆಯ ಪದಗಳನ್ನೂ ಕೂಡಿ ಎಣಿಸಬೇಕು. ಕೆಳಗಿನ ಮನೆಯಲ್ಲಿ ಹಾಗೆ ಎಣಿಸಿದಾಗ ಮೂವತ್ತು ದಾಟಿತು. ಐವತ್ತಾಗಲಿಲ್ಲ.

ಅಲ್ಲಿಗೆ ಅಜ್ಜಿಯ ಸಮಾಧಾನವೂ ಸೋರತೊಡಗುತ್ತದೆ. ಎಲ್ಲ ಭಾಷೆ ಕೂಡಿಸಿ ನೋಡಿದರೆ, ಎರಡು ಭಾಷೆಯ ಮಕ್ಕಳೂ ವರ್ಷದ ಆಸುಪಾಸಿಗೆ ಮೊದಲ ಪದ, ಎರಡು ವರ್ಷಕ್ಕೆ ಎರಡು ಪದ ಜೋಡಿಸುವುದು, ಹೀಗೆ ಉಳಿದವರ ಜತೆಗೇ ನಡೆಯುತ್ತಾರೆ. ಹಾಗಿರುವಾಗ "ಎರಡು ಭಾಷೆ, ಅದಕ್ಕೇ ತಡ" ಎಂದು ಕೂರುವುದು ನಿಜವಾದ ಕಾರಣದ ಮೇಲೆ ಕಂಬಳಿ ಹೊದಿಸಿದಂತೆ. ಪದೇ ಪದೇ ನೆಗಡಿಯಾಗಿ ಕಿವಿತಮಟೆಯ ಹಿಂದೆ ದ್ರವ ನಿಂತಿದ್ದರೂ ಮಗುವಿಗೆ ಅರ್ಧಂಬರ್ಧ ಕೇಳಿಸುತ್ತದೆ. ಅದು ಎಷ್ಟೋ ಸಲ ಮನೆಯವರಿಗೆ ಗೊತ್ತೇ ಆಗುವುದಿಲ್ಲ. ತಾವಾಗಿಯೇ ಸರಿಹೋಗದ ಮಕ್ಕಳು ಯಾರೆಂದು ಮೊದಲೇ ಖಚಿತವಾಗಿ ಹೇಳಲು ಯಾರಿಗೂ ಆಗದು. ಸುಳಿವುಗಳಿವೆ: ಹೇಳಿದ್ದು ತಿಳಿಯುತ್ತದೆಯೇ, ಬೇಕಾದದ್ದನ್ನು ಬೆರಳು ಮಾಡಿ ತೋರಿಸುತ್ತದೆಯೇ, ಹೆಸರು ಕರೆದರೆ ತಿರುಗುತ್ತದೆಯೇ, ಬಂದ ಮಾತು ಮತ್ತೆ ಹೋಯಿತೇ. ಕಾಯಬಹುದು, ಆದರೆ ಕಣ್ಣು ತೆರೆದು ಕಾಯಬೇಕು.

ಹಾಗಾಗಿ ನನ್ನ ಓಟು ಇಬ್ಬರಿಗೂ ಅರ್ಧರ್ಧ. ತಡವನ್ನು ಕಡೆಗಣಿಸದಿರುವುದರಲ್ಲಿ ಡಾಕ್ಟರು ಸರಿ, ತುಳು ಬಿಡಿ ಎನ್ನುವುದರಲ್ಲಿ ಅಲ್ಲ. ಮನೆಮಾತು ಇರಲಿ ಎನ್ನುವುದರಲ್ಲಿ ಅಜ್ಜಿ ಸರಿ, ಮೂರು ವರ್ಷದವರೆಗೆ ಸುಮ್ಮನಿರಿ ಎನ್ನುವುದರಲ್ಲಿ ಅಲ್ಲ. ಕಡಿಮೆ ಮಾಡುವುದೇ ಇದ್ದರೆ ಮೊಬೈಲಿನ ರೈಮ್ಸು ಕಡಿಮೆ ಮಾಡಿ. ಅದು ಮಗುವಿಗೆ ಮರುಮಾತಾಡುವುದಿಲ್ಲ. ಮೈಸೂರಿನ ಮಾನಸಗಂಗೋತ್ರಿಯಲ್ಲಿ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆ 1960ರ ದಶಕದಿಂದ ಮಾತು, ಕಿವಿಯ ತೊಂದರೆಗಳನ್ನು ನೋಡುತ್ತಿದೆ, ಅಲ್ಲಿ ತೋರಿಸಿ. ಅಷ್ಟು ದೂರ ಆಗದಿದ್ದರೆ ಹತ್ತಿರದ ಜಿಲ್ಲಾಸ್ಪತ್ರೆಯಲ್ಲಿ ವಿಚಾರಿಸಿ. ಮೊದಲು ಕಿವಿ ಪರೀಕ್ಷೆಯಾಗಲಿ. ಪುಟ್ಟ ಮಕ್ಕಳಿಗೆ ಬೇರಾ (BERA) ಎಂಬ ಕಿವಿ ಪರೀಕ್ಷೆಯನ್ನು ಮಲಗಿ ನಿದ್ದೆ ಹೋದಾಗಲೇ ಮಾಡುತ್ತಾರೆ. ಅದಕ್ಕೆ ಮಗುವಿಗೆ ತುಳುವೂ ಬರಬೇಕಿಲ್ಲ, ಇಂಗ್ಲಿಷೂ ಬರಬೇಕಿಲ್ಲ.