ಗಾಡಿ ಕೀಲಿಗೆ ಎಣ್ಣೆ ಹಾಕಿದವರು ಕಾರಿನ ಪಿನ್ನು ಮರೆತೆವು

ನಮ್ಮಪ್ಪನ ಕಾಲದಲ್ಲಿ ಎತ್ತಿನ ಗಾಡಿ ಹೂಡುವ ಮುಂಚೆ ಎರಡು ಕೆಲಸ ತಪ್ಪುತ್ತಿರಲಿಲ್ಲ. ಒಂದು, ಕಡಾಣಿ ಬಿಗಿಯಾಗಿ ಕೂತಿದೆಯೇ ಅಂತ ಕೈಯಿಟ್ಟು ನೋಡುವುದು. ಇನ್ನೊಂದು, ಅಚ್ಚಿಗೆ ಕೀಲೆಣ್ಣೆ ಹಾಕುವುದು. ಹರಳೆಣ್ಣೆಗೆ ಸುಟ್ಟ ಹುಲ್ಲಿನ ಕರಿ ಕಲಸಿದ ಆ ಎಣ್ಣೆ ಬಿದಿರ ಗೊಟ್ಟದಲ್ಲಿ ಗಾಡಿಯ ಅಡಿಯಲ್ಲೇ ನೇತಾಡುತ್ತಿತ್ತು. ನಾನು ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಗಾಡಿ ಹೊಡೆಯಲು ನಿಂತಾಗ ಅಪ್ಪ ಮೊದಲು ಕಲಿಸಿದ್ದೇ ಇದು. ಎತ್ತಿನ ಹಗ್ಗ ಹಿಡಿಯುವುದು ಆಮೇಲೆ.

ಈಗ ನನಗೆ ಐವತ್ತಾರು. ಚಳ್ಳಕೆರೆ ತಾಲ್ಲೂಕಿನಲ್ಲಿ ಆರು ಎಕರೆ ಮಳೆಯಾಶ್ರಯದ ಹೊಲ. ಶೇಂಗಾ, ಅಕ್ಕಡಿಯಾಗಿ ತೊಗರಿ. ಎತ್ತು ಹೋಗಿ ಬಹಳ ವರ್ಷವಾಯಿತು. 2016ರಲ್ಲಿ ಒಂದು ಹಳೇ ಆಲ್ಟೊ ಕಾರು ತಗೊಂಡೆ. 2009ರ ಮಾಡೆಲ್ಲು, ನಾನು ಮೂರನೇ ಒಡೆಯ. ಹೆಸರಿಗೆ ಕಾರು, ಮಾಡುವುದೆಲ್ಲ ಗಾಡಿಯ ಕೆಲಸವೇ. ಹಿಂದಿನ ಸೀಟು ಮಡಚಿದರೆ ಬೀಜದ ಚೀಲ, ಔಷಧ ಹೊಡೆಯುವ ಪಂಪು, ಗೊಬ್ಬರ. ಸೀಟು ಎತ್ತಿದರೆ ಆಸ್ಪತ್ರೆಗೆ ಹೋಗುವ ಅಕ್ಕಪಕ್ಕದವರು. ಈ ಏಳೆಂಟು ವರ್ಷದಲ್ಲಿ ಅದರ ಚಕ್ರದ ಹಿಂದೆ ಏನಿದೆ ಅಂತ ನಾನು ಒಂದು ದಿನವೂ ಬಗ್ಗಿ ನೋಡಿರಲಿಲ್ಲ. ಪೆಟ್ರೋಲು ಹಾಕುವುದು, ಓಡಿಸುವುದು. ಅಷ್ಟೇ.

2023ರ ಬೇಸಿಗೆ ಶುರುವಿನಲ್ಲಿ ಮಾರಿಕಣಿವೆ ಮಾರಮ್ಮನಿಗೆ ಹರಕೆ ತೀರಿಸಿ ಹಿರಿಯೂರು ದಾಟಿ ಬರುತ್ತಿದ್ದೆವು. ಹಿಂದೆ ಹೆಂಡತಿ, ಅವಳ ಮಡಿಲಲ್ಲಿ ನಾಲ್ಕು ವರ್ಷದ ಮೊಮ್ಮಗಳು. ಎಡಗಡೆಯಿಂದ ಕುರಿಮಂದೆ ರಸ್ತೆಗೆ ನುಗ್ಗಿತು. ಬ್ರೇಕ್ ತುಳಿದೆ. ಗಾಡಿ ನಿಲ್ಲುವ ಬದಲು ಬಲಕ್ಕೆ ಎಳೆದುಕೊಂಡು ಹೋಯಿತು. ಎದುರಿಗೆ ಲಾರಿ. ಆ ಪುಣ್ಯಾತ್ಮ ಚಾಲಕ ಮಣ್ಣಿಗೆ ಇಳಿಸಿದ್ದರಿಂದ ನಾನು ಇವತ್ತು ಇದನ್ನು ಬರೆಯುತ್ತಿದ್ದೇನೆ. ಯಾರಿಗೂ ಏನೂ ಆಗಲಿಲ್ಲ. ಆದರೆ ಊರು ಮುಟ್ಟುವವರೆಗೂ ನನ್ನ ಹೆಂಡತಿ ಒಂದು ಮಾತೂ ಆಡಲಿಲ್ಲ.

ಮಾರನೇ ದಿನ ಒಂದು ಗ್ಯಾರೇಜಿಗೆ ಹೋದೆ. ಚಕ್ರ ಬಿಚ್ಚಿದರು. ಎಡಗಡೆ ಒಳಗಿನ ಬ್ರೇಕ್ ಪ್ಯಾಡು ಪೂರ್ತಿ ಸವೆದು ಕಬ್ಬಿಣ ಡಿಸ್ಕಿಗೆ ತಾಗಿತ್ತು. ಅದೇ ಚಕ್ರದ ಹೊರಗಿನ ಪ್ಯಾಡು ಮಾತ್ರ ಹೊಸದರ ಹಾಗಿತ್ತು. 'ಪ್ಯಾಡು ಹೋಗಿದೆ ಯಜಮಾನ್ರೆ' ಅಂದರು. ಹೊಸ ಪ್ಯಾಡು ಹಾಕಿದರು. ದುಡ್ಡು ಕೊಟ್ಟು ಬಂದೆ. ಎರಡೂ ಪ್ಯಾಡು ಒಂದೇ ದಿನ ಹಾಕಿದ್ದು, ಒಂದು ಸವೆದು ಇನ್ನೊಂದು ಯಾಕೆ ಸವೆದಿಲ್ಲ ಅಂತ ಅವರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಒಂದು ನೊಗಕ್ಕೆ ಕಟ್ಟಿದ ಎರಡು ಎತ್ತಿನಲ್ಲಿ ಒಂದರ ಹೆಗಲು ಮಾತ್ರ ಬಾವು ಬಂದರೆ ಕಾರಣ ಹುಡುಕುವ ನಾವು, ಇಲ್ಲಿ ಸುಮ್ಮನಿದ್ದೆವು.

ಎಂಟು ತಿಂಗಳಿಗೆ ಗಾಡಿ ಮತ್ತೆ ಬಲಕ್ಕೆ ಎಳೆಯತೊಡಗಿತು. ಬಿಚ್ಚಿದರೆ ಮತ್ತೆ ಅದೇ ಒಳಗಿನ ಪ್ಯಾಡು. ಈ ಸಲ ನಮ್ಮೂರಿನ ಒಬ್ಬ ಹುಡುಗ, ಐ.ಟಿ.ಐ. ಓದಿದವನು, ನೋಡಿ ಹೇಳಿದ. 'ದೊಡ್ಡಪ್ಪ, ಪ್ಯಾಡಿಂದೇನೂ ತಪ್ಪಿಲ್ಲ. ಪಿನ್ನು ಹಿಡ್ಕೊಂಡೈತೆ. ಎಷ್ಟು ಪ್ಯಾಡು ಹಾಕಿದ್ರೂ ಅಷ್ಟೇ.'

ಅವನು ತಿಳಿಸಿದ್ದನ್ನು ನನ್ನ ಮಾತಿನಲ್ಲಿ ಹೇಳುತ್ತೇನೆ. ಇಂಥ ಕಾರುಗಳ ಮುಂದಿನ ಚಕ್ರದಲ್ಲಿ ಒಂದು ಕಬ್ಬಿಣದ ತಟ್ಟೆ ತಿರುಗುತ್ತದೆ. ಅದೇ ಡಿಸ್ಕ್. ಅದನ್ನು ಎರಡೂ ಕಡೆಯಿಂದ ಇಕ್ಕಳದಂತೆ ಹಿಡಿಯುವುದು ಕ್ಯಾಲಿಪರ್. ಆದರೆ ಈ ಇಕ್ಕಳದಲ್ಲಿ ತಳ್ಳುವ ಪಿಸ್ಟನ್ ಒಳಗಡೆ ಒಂದೇ ಇರುತ್ತದೆ. ಬ್ರೇಕ್ ತುಳಿದಾಗ ಅದು ಒಳಗಿನ ಪ್ಯಾಡನ್ನು ತಟ್ಟೆಗೆ ಒತ್ತುತ್ತದೆ. ಆ ಒತ್ತಡಕ್ಕೆ ಇಡೀ ಕ್ಯಾಲಿಪರ್ ಒಳಮುಖವಾಗಿ ಸರಿದು ಹೊರಗಿನ ಪ್ಯಾಡನ್ನೂ ಎಳೆದು ತಟ್ಟೆಗೆ ಒತ್ತಬೇಕು. ಹಾಗೆ ಸರಿಯಲು ಇರುವುದೇ ಬೆರಳುಗಾತ್ರದ ಎರಡು ಗೈಡ್ ಪಿನ್ನು. ಅವಕ್ಕೆ ಧೂಳು, ನೀರು ಹೋಗದ ಹಾಗೆ ರಬ್ಬರಿನ ಬೂಟು. ಬೂಟು ಹರಿದರೆ ಅಥವಾ ಒಳಗಿನ ಗ್ರೀಸು ಒಣಗಿದರೆ ಪಿನ್ನು ತುಕ್ಕು ಹಿಡಿದು ಕಚ್ಚಿಕೊಳ್ಳುತ್ತದೆ. ಆಮೇಲೆ ಕ್ಯಾಲಿಪರ್ ಸರಿಯುವುದಿಲ್ಲ. ಒಳಗಿನ ಪ್ಯಾಡೊಂದೇ ದುಡಿದು ಸಾಯುತ್ತದೆ. ಆ ಚಕ್ರದ ಹಿಡಿತ ಕಡಿಮೆಯಾಗಿ ಗಾಡಿ ಇನ್ನೊಂದು ಕಡೆಗೆ ಎಳೆಯುತ್ತದೆ. ನಮ್ಮ ರಸ್ತೆಯಲ್ಲಿ ಎಡ ಚಕ್ರ ಸೋತರೆ ಗಾಡಿ ಎದುರು ಬರುವ ಲಾರಿ ಕಡೆಗೇ ಹೋಗುತ್ತದೆ.

ಇನ್ನೊಂದು ಮೋಸ ಏನೆಂದರೆ, ಹೊರಗಿನಿಂದ ಬಗ್ಗಿ ನೋಡಿದರೆ ಕಾಣುವುದು ಹೊರಗಿನ ಪ್ಯಾಡು. ಅದು ದಪ್ಪಗಿರುತ್ತದೆ. 'ಇನ್ನೂ ಐತೆ ಬಿಡ್ರಿ, ಆರು ತಿಂಗಳು ಓಡಿಸಿ' ಅಂತಾರೆ. ಒಳಗಿನದು ಅಷ್ಟರಲ್ಲಿ ಮುಗಿದಿರುತ್ತದೆ.

ಇಷ್ಟು ತಿಳಿದ ಮೇಲೆ ನಾನು ಜಾಣನಾದೆ ಅಂದುಕೊಂಡು ಎರಡನೇ ತಪ್ಪು ಮಾಡಿದೆ. ಗ್ರೀಸು ತಾನೇ, ಅಂತ ಮನೆಯಲ್ಲಿದ್ದ ಟ್ರ್ಯಾಕ್ಟರಿನ ಗ್ರೀಸನ್ನೇ ಪಿನ್ನಿಗೆ ಮೆತ್ತಿದೆ. ಮೂರು ತಿಂಗಳು ಚೆನ್ನಾಗಿತ್ತು. ಆಮೇಲೆ ಎಡ ಚಕ್ರದಿಂದ ಸುಟ್ಟ ವಾಸನೆ, ಕೈಯಿಟ್ಟರೆ ಕಾದ ಹಂಚು, ಪೆಟ್ರೋಲು ಕುಡಿಯುವುದೂ ಜಾಸ್ತಿ. ಬಿಚ್ಚಿ ನೋಡಿದರೆ ರಬ್ಬರು ನೆನೆದ ಕಡಲೆಯಂತೆ ಊದಿತ್ತು. ಪಿನ್ನು ಅದರಲ್ಲಿ ಸಿಕ್ಕಿಕೊಂಡು ಬ್ರೇಕ್ ಬಿಟ್ಟರೂ ಪ್ಯಾಡು ಬಿಡುತ್ತಿರಲಿಲ್ಲ. ಪೆಟ್ರೋಲಿಯಂ ಗ್ರೀಸು ಈ ಜಾತಿಯ ರಬ್ಬರಿಗೆ ಆಗುವುದಿಲ್ಲ. ಇದಕ್ಕೆ ಬೇಕಾದದ್ದು ಬಿಸಿ ತಡೆಯುವ, ರಬ್ಬರಿಗೆ ಹೊಂದುವ ಬ್ರೇಕಿನ ಸಿಲಿಕೋನ್ ಗ್ರೀಸು. ಅಪ್ಪನ ಕೀಲೆಣ್ಣೆ ಮರದ ಗಾಡಿಗೆ ಸರಿ. ಒಂದೊಂದು ಕೀಲಿಗೆ ಒಂದೊಂದು ಎಣ್ಣೆ.

ಕಡೆಗೆ ಎರಡೂ ಚಕ್ರಕ್ಕೆ ಪಿನ್ನು ಮತ್ತು ಬೂಟಿನ ಹೊಸ ಸೆಟ್ಟು, ಸರಿಯಾದ ಗ್ರೀಸು ತಂದೆ. ಎಲ್ಲಾ ಸೇರಿ 600 ರೂಪಾಯಿ ಒಳಗೇ ಆಯಿತು. ಅದಕ್ಕೆ ಮೊದಲು ಎರಡು ಸಲ ಪ್ಯಾಡಿಗೆ, ಗೀರುಬಿದ್ದ ಡಿಸ್ಕಿಗೆ, ಕೂಲಿಗೆ ಅಂತ ನಾನು ಕಳೆದದ್ದು 5,000ಕ್ಕೂ ಮೇಲೆ. ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದ ಹಾಗೆ.

ಆ ಹುಡುಗನ ಜೊತೆ ಕೂತು ಮಾಡಿದ ಕೆಲಸದ ಕ್ರಮ ಹೀಗಿದೆ. ಸಮತಟ್ಟು ಗಟ್ಟಿ ನೆಲದಲ್ಲಿ ಗಾಡಿ ನಿಲ್ಲಿಸಿ ಹಿಂದಿನ ಚಕ್ರಗಳಿಗೆ ಕಲ್ಲು ಕೊಡಬೇಕು. ಚಕ್ರದ ನಟ್ಟು ನೆಲದ ಮೇಲಿರುವಾಗಲೇ ಸಡಿಲಿಸಿ ಆಮೇಲೆ ಜಾಕ್ ಎತ್ತಬೇಕು. ಜಾಕೊಂದನ್ನೇ ನಂಬಬಾರದು, ಕೆಳಗೆ ಗಟ್ಟಿ ಸ್ಟ್ಯಾಂಡು ಕೊಡಲೇಬೇಕು. ಬ್ರೇಕಿನ ಧೂಳನ್ನು ಬಾಯಿಂದ ಊದಬೇಡಿ, ಎದೆಗೆ ಒಳ್ಳೆಯದಲ್ಲ. ಒದ್ದೆ ಬಟ್ಟೆಯಲ್ಲಿ ಒರೆಸಿ. ಬೋಲ್ಟು ಬಿಚ್ಚಿ ಕ್ಯಾಲಿಪರ್ ತೆಗೆದಾಗ ಅದನ್ನು ಬ್ರೇಕ್ ಆಯಿಲ್ಲಿನ ಪೈಪಿನಲ್ಲಿ ಜೋತು ಬಿಡಬಾರದು. ತಂತಿಯಲ್ಲಿ ಮೇಲಕ್ಕೆ ಕಟ್ಟಿ.

ಪಿನ್ನು ಎಳೆದಾಗ ಮೇಲಿನದು ಯಾವುದು, ಕೆಳಗಿನದು ಯಾವುದು ಅಂತ ಗುರುತು ಇಟ್ಟುಕೊಳ್ಳಿ. ಕೆಲವು ಗಾಡಿಯಲ್ಲಿ ಎರಡೂ ಒಂದೇ ಅಲ್ಲ. ಹಳೇ ಗ್ರೀಸು ಪೂರ್ತಿ ಒರೆಸಿ, ಪಿನ್ನು ಕೂರುವ ತೂತನ್ನೂ ಶುದ್ಧ ಮಾಡಿ. ಬ್ರೇಕ್ ಕ್ಲೀನರ್ ಅಂತಲೇ ಸಿಗುತ್ತದೆ. ಪೆಟ್ರೋಲು, ಡೀಸೆಲ್ಲು, ಸೀಮೆಎಣ್ಣೆ ರಬ್ಬರಿಗೆ ತಾಗಿಸಬೇಡಿ. ಪಿನ್ನಿನ ಮೇಲೆ ತುಕ್ಕಿನ ಗುಳಿ, ಸವೆತ, ಬಾಗು ಕಂಡರೆ ಬದಲಿಸುವುದೇ ಸರಿ. ಉಪ್ಪುಕಾಗದ ಹಾಕಿ ತಿಕ್ಕಿದರೆ ಮೇಲಿನ ಲೇಪ ಹೋಗಿ ಇನ್ನೂ ಬೇಗ ತುಕ್ಕು ಹಿಡಿಯುತ್ತದೆ. ಬೂಟು ಕೂದಲೆಳೆಯಷ್ಟು ಹರಿದಿದ್ದರೂ ಹೊಸದು ಹಾಕಿ. ನಮ್ಮ ಕಡೆ ಎರೆಮಣ್ಣಿನ ಧೂಳಿಗೆ ಅಷ್ಟು ದಾರಿ ಸಾಕು.

ಗ್ರೀಸು ತೆಳ್ಳಗೆ ಸವರಬೇಕು. ಜಾಸ್ತಿ ತುಂಬಿದರೆ ಒಳಗೆ ಗಾಳಿ ಸಿಕ್ಕಿ ಪಿನ್ನನ್ನು ಹಿಂದಕ್ಕೆ ತಳ್ಳುತ್ತದೆ. ಬೂಟಿನ ಅಂಚು ಅದರ ಗಾಡಿಯಲ್ಲಿ ಸುತ್ತಲೂ ಕೂತಿರಬೇಕು. ಬೆರಳಿನಿಂದ ಒತ್ತಿದರೆ ಪಿನ್ನು ನಯವಾಗಿ ಹೋಗಿ ಬರಬೇಕು, ಅದೇ ಪರೀಕ್ಷೆ. ಪ್ಯಾಡಿಗೆ, ಡಿಸ್ಕಿಗೆ ಗ್ರೀಸಿನ ಕೈ ತಾಗಿಸಬಾರದು. ಬೋಲ್ಟನ್ನು ಎಷ್ಟು ಬಿಗಿಯಬೇಕು ಅಂತ ಆಯಾ ಗಾಡಿಯ ಸರ್ವೀಸು ಪುಸ್ತಕದಲ್ಲಿ ಲೆಕ್ಕ ಇರುತ್ತದೆ, ಟಾರ್ಕ್ ರೆಂಚಿನಲ್ಲಿ ಅಷ್ಟೇ ಬಿಗಿಯಬೇಕು. ಒಂದು ಕಡೆ ಮಾಡಿದರೆ ಇನ್ನೊಂದು ಕಡೆಯೂ ಮಾಡಬೇಕು. ಎಲ್ಲಾ ಮುಗಿದು ಗಾಡಿ ಚಾಲೂ ಮಾಡುವ ಮೊದಲು ಬ್ರೇಕನ್ನು ಗಟ್ಟಿಯಾಗುವವರೆಗೆ ನಾಲ್ಕಾರು ಸಲ ತುಳಿಯಿರಿ. ಇದನ್ನು ಮರೆತರೆ ಮೊದಲ ತುಳಿತಕ್ಕೆ ಬ್ರೇಕೇ ಇರುವುದಿಲ್ಲ. ಬ್ರೇಕ್ ಆಯಿಲ್ಲಿನ ಮಟ್ಟ ನೋಡಿ, ಖಾಲಿ ಜಾಗದಲ್ಲಿ ನಿಧಾನ ಓಡಿಸಿ ಪರೀಕ್ಷಿಸಿ, ಆಮೇಲೆ ರಸ್ತೆಗೆ ಬನ್ನಿ.

'ಬ್ರೇಕಿಗೆ ರೈತ ಕೈ ಹಾಕಬಾರದು, ಅದು ಮೆಕ್ಯಾನಿಕ್ಕಿನ ಕೆಲಸ' ಅಂತ ಕೆಲವರು ಹೇಳಿದರು. ಅರ್ಧ ಒಪ್ಪುತ್ತೇನೆ. ಆಯಿಲ್ಲು ಸೋರುತ್ತಿದ್ದರೆ, ಪಿಸ್ಟನ್ನೇ ಹಿಡಿದುಕೊಂಡಿದ್ದರೆ, ಗೊತ್ತಿದ್ದವರು ಪಕ್ಕದಲ್ಲಿ ಇಲ್ಲದಿದ್ದರೆ ನಾವು ಮುಟ್ಟಬಾರದು. ಒಳಗಿನ ಪ್ಯಾಡು ಸವೆಯಲು ಪಿಸ್ಟನ್ನೂ ಕಾರಣ ಇರಬಹುದು, ಅದನ್ನು ತಿಳಿದವರೇ ಹೇಳಬೇಕು. ಆದರೆ ಕೈ ಹಾಕದಿರುವುದು ಬೇರೆ, ಕಣ್ಣು ಮುಚ್ಚಿಕೊಂಡಿರುವುದು ಬೇರೆ. ಗ್ಯಾರೇಜಿನಲ್ಲಿ ಪಕ್ಕ ನಿಂತು 'ಬಿಚ್ಚಿದ ಎರಡೂ ಪ್ಯಾಡು ತೋರಿಸಪ್ಪ, ಪಿನ್ನು ಸರಿಯುತ್ತಾ ನೋಡಪ್ಪ, ಯಾವ ಗ್ರೀಸು ಹಾಕ್ತೀಯ' ಅಂತ ಮೂರು ಮಾತು ಕೇಳಲು ಐ.ಟಿ.ಐ. ಬೇಕಿಲ್ಲ. ಬೀಜದ ಅಂಗಡಿಯಲ್ಲಿ ಚೀಲದ ಚೀಟಿ ಓದದೆ ಮೋಸ ಹೋದವರು ನಾವು. ಅದೇ ಪಾಠ ಇಲ್ಲಿಗೂ ಸಲ್ಲುತ್ತದೆ.

2024ರಲ್ಲಿ ನನ್ನ ಕಾರಿಗೆ ಹದಿನೈದು ವರ್ಷ ತುಂಬಿ ನೋಂದಣಿ ನವೀಕರಿಸಬೇಕಾಯಿತು. ಅದಕ್ಕೆ ಅಂತ ಎಲ್ಲರೂ ಬಣ್ಣ ಹೊಡೆಸುತ್ತಾರೆ, ಪಾಲಿಶ್ ಮಾಡಿಸುತ್ತಾರೆ. ನಾನೂ ಸ್ವಲ್ಪ ಮಾಡಿಸಿದೆ. ಆದರೆ ಸರ್ಕಾರದ ಕಾಗದ ಐದು ವರ್ಷಕ್ಕೆ ಸಿಕ್ಕಿತು ಅಂದರೆ ಪಿನ್ನು ಐದು ವರ್ಷ ಒಣಗುವುದಿಲ್ಲ ಅಂತ ಅಲ್ಲ. ನಾನೀಗ ವರ್ಷಕ್ಕೊಮ್ಮೆ, ಮುಂಗಾರಿಗೆ ಮುಂಚೆ, ಕುಂಟೆ ಕೂರಿಗೆ ಸರಿ ಮಾಡುವ ವಾರದಲ್ಲೇ ಇದನ್ನೂ ಇಟ್ಟುಕೊಂಡಿದ್ದೇನೆ. ಪ್ಯಾಡು ಬದಲಿಸಿದಾಗಲಂತೂ ತಪ್ಪಿಸುವುದಿಲ್ಲ. ಆಮೇಲೆ ಒಳಗಿನದು ಹೊರಗಿನದು ಎರಡೂ ಒಂದೇ ಸಮ ಸವೆಯುತ್ತಿವೆ.

ಒಂದು ಸಲಹೆ ಇದೆ. ಟಾರ್ಕ್ ರೆಂಚು, ಎರಡು ಸ್ಟ್ಯಾಂಡು, ಒಳ್ಳೆ ಸ್ಪ್ಯಾನರ್ ಸೆಟ್ಟು ಒಬ್ಬ ಸಣ್ಣ ರೈತ ಕೊಳ್ಳುವಂಥದ್ದಲ್ಲ. ವರ್ಷಕ್ಕೆ ಒಂದು ದಿನದ ಕೆಲಸಕ್ಕೆ ಬೇಕಿಲ್ಲ ಕೂಡ. ಟ್ರ್ಯಾಕ್ಟರು, ರೋಟಾವೇಟರು ಬಾಡಿಗೆಗೆ ತರುವುದು ನಮಗೆ ಹೊಸದಲ್ಲ. ಹಾಗೇ ನಾಲ್ಕೈದು ಮನೆಯವರು ಸೇರಿ ಒಂದು ಪೆಟ್ಟಿಗೆ ಮಾಡಿಕೊಳ್ಳಬಹುದು. ಓದಿ ಊರಲ್ಲೇ ಇರುವ ಒಬ್ಬ ಹುಡುಗನಿಗೆ ಆ ದಿನದ ಕೂಲಿ ಕೊಟ್ಟು ಎಲ್ಲರ ಗಾಡಿಯನ್ನೂ ಸಾಲಾಗಿ ನೋಡಿಸಬಹುದು. ನಮ್ಮ ಬೀದಿಯಲ್ಲಿ ಹೋದ ವರ್ಷ ಮೂರು ಕಾರು ಹೀಗೆ ನೋಡಿಸಿದೆವು. ಮೂರರಲ್ಲಿ ಎರಡಕ್ಕೆ ಒಂದೊಂದು ಪಿನ್ನು ಕಚ್ಚಿಕೊಂಡಿತ್ತು. ಆ ಇಬ್ಬರಿಗೂ ಅದುವರೆಗೆ ಏನೂ ಗೊತ್ತಿರಲಿಲ್ಲ.

ನಮ್ಮ ಪತ್ರಿಕೆಯಲ್ಲಿ ಪಂಪಿನ ಬಗ್ಗೆ, ಸ್ಪ್ರೇಯರಿನ ಬಗ್ಗೆ ಬರೆಯುತ್ತೇವೆ. ಹಳೇ ಕಾರೂ ಈಗ ಹೊಲದ ಸಾಮಾನೇ ಆಗಿದೆ. ಕೂರಿಗೆ ತಾಳು ಕಟ್ಟಿದರೆ ಒಂದು ಸಾಲು ಹೋಗುತ್ತದೆ, ಮರು ಬಿತ್ತಬಹುದು. ಪಿನ್ನು ಕಟ್ಟಿದರೆ ಹೋಗುವುದು ಬೇರೆ.

ಈಗಲೂ ಮೊಮ್ಮಗಳು ಕಾರು ಹತ್ತುವ ಮುಂಚೆ ನಾನು ಮುಂದಿನ ಚಕ್ರದ ಹತ್ತಿರ ಒಮ್ಮೆ ಬಗ್ಗುತ್ತೇನೆ. 'ತಾತ, ಏನ್ ನೋಡ್ತೀಯ?' ಅಂತಾಳೆ. 'ಕಡಾಣಿ' ಅಂತೀನಿ. ಅವಳಿಗೆ ಅರ್ಥ ಆಗೋದಿಲ್ಲ. ನಮಗೆ ಆದರೆ ಸಾಕು.