ಬಾಣಂತಿಯ ಮನಸ್ಸನ್ನೂ ವಿಚಾರಿಸಿ

ಗರ್ಭಿಣಿಯ ತೂಕ, ರಕ್ತದೊತ್ತಡ, ಹಿಮೋಗ್ಲೋಬಿನ್ ಎಲ್ಲವೂ ತಾಯಿ ಕಾರ್ಡಿನಲ್ಲಿ ದಾಖಲಾಗುತ್ತವೆ. ನಿದ್ದೆ ಬರುತ್ತಿದೆಯೇ, ಕಾರಣವಿಲ್ಲದೆ ಅಳು ಉಕ್ಕುತ್ತಿದೆಯೇ ಎಂದು ಕೇಳುವವರು ಕಡಿಮೆ. ವಿಶ್ವ ಆರೋಗ್ಯ ಸಂಸ್ಥೆಯ ಪ್ರಕಾರ, ಅಭಿವೃದ್ಧಿಶೀಲ ದೇಶಗಳ ಬಾಣಂತಿಯರಲ್ಲಿ ಶೇ 19.8ರಷ್ಟು ಮಂದಿಗೆ ಖಿನ್ನತೆಯಂತಹ ಮಾನಸಿಕ ತೊಂದರೆ ಕಾಡುತ್ತದೆ. ಅಂದರೆ ಐವರಲ್ಲಿ ಒಬ್ಬರು!

ಇದರ ಪೆಟ್ಟು ಕೂಸಿಗೂ ತಗಲುತ್ತದೆ. ಗರ್ಭಾವಸ್ಥೆಯ ತೀವ್ರ ಖಿನ್ನತೆಯಿಂದ ಅವಧಿಪೂರ್ವ ಹೆರಿಗೆ, ಕಡಿಮೆ ತೂಕದ ಅಪಾಯ ಹೆಚ್ಚುತ್ತದೆ. ಹುಟ್ಟಿದ ಮೇಲಂತೂ ಶಿಶು ತಾಯಿಯ ಮುಖವನ್ನೇ ಓದುತ್ತದೆ. ಅಮೆರಿಕದ ಮನೋವಿಜ್ಞಾನಿ ಎಡ್ವರ್ಡ್ ಟ್ರಾನಿಕ್ 1970ರ ದಶಕದಲ್ಲಿ ನಡೆಸಿದ ಪ್ರಯೋಗಗಳಲ್ಲಿ, ಆಡಿಸುತ್ತಿದ್ದ ತಾಯಿ ಕೆಲವೇ ನಿಮಿಷ ನಿರ್ಭಾವದಿಂದ ಕುಳಿತರೆ ಸಾಕು, ಮಗು ನಕ್ಕು ಕರೆಯುತ್ತಿತ್ತು, ಚಡಪಡಿಸುತ್ತಿತ್ತು, ಕೊನೆಗೆ ಮುಖ ತಿರುಗಿಸುತ್ತಿತ್ತು. ಚಿಕಿತ್ಸೆ ಸಿಗದ ಖಿನ್ನತೆಯಲ್ಲಿ ಆ ನಿಮಿಷಗಳು ತಿಂಗಳುಗಳಾಗಿ ಬೆಳೆಯಬಹುದು.

ಹಾಗೆಂದು ‘ನೀನು ಅತ್ತರೆ ಮಗುವಿಗೆ ಕೇಡು’ ಎಂದು ಬಸುರಿಯನ್ನು ಹೆದರಿಸುವುದು ಕ್ರೌರ್ಯ. ಒಂದು ದಿನದ ಸಿಟ್ಟು, ಬೇಸರ ಮಗುವನ್ನು ಕೆಡಿಸುವುದಿಲ್ಲ. ಬಾಣಂತಿಯರ ಖಿನ್ನತೆಯ ಬಗ್ಗೆ ಗೋವಾದಲ್ಲಿ ಮನೋವೈದ್ಯ ವಿಕ್ರಮ್ ಪಟೇಲ್ ಮತ್ತು ಸಂಗಡಿಗರು ನಡೆಸಿ 2002ರಲ್ಲಿ ಪ್ರಕಟಿಸಿದ ಅಧ್ಯಯನ ಬಡತನ, ಗಂಡನ ಹಿಂಸೆ, ಹೆಣ್ಣುಮಗು ಹುಟ್ಟಿತೆಂಬ ಒತ್ತಡಗಳತ್ತ ಬೆರಳು ಮಾಡಿತು. ತಿದ್ದಿಕೊಳ್ಳಬೇಕಾದವರು ಮನೆಯವರು.

ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ತಾಯಿ, ಮಗು ಜೊತೆಗಿದ್ದೇ ಚಿಕಿತ್ಸೆ ಪಡೆಯುವ ವಿಭಾಗವಿದೆ. ಪ್ರತಿ ಜಿಲ್ಲಾಸ್ಪತ್ರೆಗೂ ಇಂಥದ್ದು ಬೇಕು. ಅಲ್ಲಿಯವರೆಗೆ, ಖಿನ್ನತೆ ಗುರುತಿಸುವ ಹತ್ತು ಪ್ರಶ್ನೆಗಳ ಎಡಿನ್‌ಬರೊ ಪಟ್ಟಿಯನ್ನು ಆಶಾ ಕಾರ್ಯಕರ್ತೆಯರ ಮನೆಭೇಟಿಗೆ ಸರ್ಕಾರ ಸೇರಿಸಲಿ, ಅದಕ್ಕೆ ತಕ್ಕ ತರಬೇತಿ, ಗೌರವಧನವನ್ನೂ ಕೊಡಲಿ. ಟೆಲಿ ಮಾನಸ್ ಸಹಾಯವಾಣಿ 14416 ಪ್ರತಿ ತಾಯಿ ಕಾರ್ಡಿನ ಮೇಲೂ ಅಚ್ಚಾಗಲಿ.